ಹನುಮಪ್ಪನ ಬಲಗಡೆಯ ದೀಪ

ನಮ್ಮ ಮನೆಯಲ್ಲಿ ಹನುಮಪ್ಪನನ್ನು ಕೇಳದೆ ಹುಲ್ಲುಕಡ್ಡಿಯೂ ಅಲ್ಲಾಡುತ್ತಿರಲಿಲ್ಲ. ಪುಣೆಯ ನಾರಾಯಣ ಪೇಠೆಯಲ್ಲಿ ಒಂದು ಹಳೆಯ ವಾಡೆಯ ಹಿಂಭಾಗದ ಮೂರು ಖೋಲಿಗಳು ನಮ್ಮವು. ಮುಂದಿನದರಲ್ಲಿ ಅಪ್ಪನ ಮೇಜು ಮತ್ತು ಬಂದವರು ಕೂರುವ ಜಮಖಾನೆ, ನಡುವಿನದರಲ್ಲಿ ನಮ್ಮೆಲ್ಲರ ಊಟ, ನಿದ್ದೆ, ಜಗಳ, ಹಿಂದಿನದು ಅಡುಗೆಯದು. ಅಡುಗೆಯ ಖೋಲಿಯ ಗೋಡೆಯಲ್ಲಿ, ಮಣೆಯ ಮೇಲೆ ಕೂತರೆ ಕಣ್ಣಿಗೆ ಸರಿಯಾಗುವ ಎತ್ತರದಲ್ಲಿ, ಒಂದು ಆಳವಾದ ಗೂಡಿತ್ತು. ಅದೇ ನಮ್ಮ ದೇವರ ಮನೆ. ಗೂಡಿನ ನಡುವೆ ಗೇಣುದ್ದದ ಕರಿಕಲ್ಲಿನ ಹನುಮಪ್ಪ. ಧಾರವಾಡದ ಹತ್ತಿರದ ಹಳ್ಳಿಯಿಂದ ಪುಣೆಗೆ ಬರುವಾಗ ಅಜ್ಜಿ ಅವನನ್ನು ಪೆಟ್ಟಿಗೆಯಲ್ಲಿಡಲು ಒಪ್ಪದೆ, ಮಡಿ ಸೀರೆಯಲ್ಲಿ ಸುತ್ತಿ, ದಾರಿಯುದ್ದಕ್ಕೂ ರೈಲಿನಲ್ಲಿ ತೊಡೆಯ ಮೇಲೆ ಕೂರಿಸಿಕೊಂಡು ತಂದಳಂತೆ. ಗಂಟಿನಲ್ಲೇನಿದೆ ಎಂದು ಕೇಳಿದ ಟಿಕೀಟಿನವನಿಗೆ, ಇಂವಾ ನಮ್ಮ ಮನಿ ಯಜಮಾನ ಎಂದಳಂತೆ. ಅದರಲ್ಲಿ ಸುಳ್ಳೇನೂ ಇರಲಿಲ್ಲ.

ಅಜ್ಜಿ ಎಂದರೆ ಅಪ್ಪನ ತಾಯಿ. ಆಕೆ ಹನುಮಪ್ಪನನ್ನು ಕೇಳುವ ಪದ್ಧತಿ ಹೀಗೆ: ಸ್ನಾನ ಮಾಡಿ ಮಡಿಯುಟ್ಟು, ಕಣಗಿಲೆ ಹೂವಿನ ಎರಡು ಎಸಳು ಬಿಡಿಸಿ, ತೀರ್ಥದ ನೀರಿನಲ್ಲಿ ಅದ್ದಿ, ದೇವರ ಎರಡು ಭುಜಗಳಿಗೆ ಒಂದೊಂದು ಅಂಟಿಸುತ್ತಿದ್ದಳು. ಆಮೇಲೆ ಮನೆಗೆಲ್ಲ ಕೇಳುವಂತೆ ಗಟ್ಟಿಯಾಗಿ ಪ್ರಶ್ನೆ ಹಾಕಿ, ಕೈ ಜೋಡಿಸಿ ಕೂರುತ್ತಿದ್ದಳು. ಬಲಭುಜದ ಎಸಳು ಮೊದಲು ಬಿದ್ದರೆ ಮಾಡು ಎಂದರ್ಥ, ಎಡಭುಜದ್ದು ಬಿದ್ದರೆ ಬೇಡ. ಉಪ್ಪಿನಕಾಯಿ ಇವತ್ತು ಹಾಕಲೇನಪ್ಪಾ, ಮಗುವಿನ ಜ್ವರಕ್ಕೆ ವೈದ್ಯರನ್ನು ಕರೆಸಲೇನಪ್ಪಾ, ಪಂಢರಪುರಕ್ಕೆ ಹೋಗಿಬರಲೇನಪ್ಪಾ. ಯಾವಾಗಲೂ ಮಾಡಲೇನಪ್ಪಾ ಎಂದೇ ಕೇಳುತ್ತಿದ್ದಳು. ಬಿಡಲೇನಪ್ಪಾ ಎಂದು ಕೇಳಿದ್ದನ್ನು ನಾನು ಒಂದು ದಿನವೂ ಕಂಡಿಲ್ಲ. ಹನುಮಪ್ಪನೂ ಕೈಬಿಚ್ಚಿ ಕೊಡುವ ದೇವರು. ಅವನು ಬಲ ಕೊಟ್ಟದ್ದರಿಂದಲೇ ಅಪ್ಪ ಊರಿನ ಕನ್ನಡ ಶಾಲೆಯ ಮಾಸ್ತರಿಕೆ ಬಿಟ್ಟು ಪುಣೆಯ ಕೆಲಸ ಹಿಡಿದದ್ದು. ಬಲ ಕೊಟ್ಟದ್ದರಿಂದಲೇ ನನ್ನನ್ನು ಶಾಲೆಗೆ ಸೇರಿಸಿದ್ದು, ಅಮ್ಮ ಹಾರ್ಮೋನಿಯಂ ಕಲಿತದ್ದು. ಹಾರ್ಮೋನಿಯಂ ಅಜ್ಜಿಗೆ ಸುತರಾಂ ಬೇಡವಾಗಿತ್ತು, ಆದರೆ ಆ ದಿನ ಬಲದ ಎಸಳು ಟಪ್ಪನೆ ಬಿತ್ತು, ಇನ್ನೇನು ಮಾಡುತ್ತಾಳೆ ಪಾಪ! ಹಾಗೆ ಬಲ ಕೊಟ್ಟದ್ದರಿಂದಲೇ ಅಪ್ಪನ ದೊಡ್ಡ ತಂಗಿಯನ್ನು, ನಮ್ಮ ದೊಡ್ಡತ್ತೆಯನ್ನು, ಹದಿನೈದು ತುಂಬುವ ಮೊದಲೇ ಗದಗಿನ ಒಂದು ಮನೆಗೆ ಕೊಟ್ಟದ್ದು. ಆಕೆ ಎರಡನೆಯ ಹೆರಿಗೆಯಲ್ಲಿ ತೀರಿಕೊಂಡಳು. ನಾನು ಆಕೆಯನ್ನು ನೋಡಿಲ್ಲ. ಅಜ್ಜಿ ಆಕೆಯ ಹೆಸರೆತ್ತುತ್ತಿರಲಿಲ್ಲ. ಯಾರಾದರೂ ಎತ್ತಿದರೆ, ದೇವರ ಇಚ್ಛಾ ಎಂದು ಎದ್ದು ಹೋಗುತ್ತಿದ್ದಳು.

ಇನ್ನು ಅಪ್ಪ. ಮಳೆ-ಗಾಳಿಯ ಲೆಕ್ಕ ಇಡುವ ಒಂದು ಸರಕಾರಿ ಕಚೇರಿಯಲ್ಲಿ ಅವರು ಕಾರಕೂನರು. ದಿನಾ ಬೆಳಿಗ್ಗೆ ದೂರದೂರದ ಊರುಗಳಿಂದ ತಾರುಗಳು, ಎಂದರೆ ತಂತಿ ಸುದ್ದಿಗಳು, ಬರುತ್ತಿದ್ದವು, ಎಲ್ಲಿ ಎಷ್ಟು ಮಳೆ, ಎಲ್ಲಿ ಎಂಥ ಗಾಳಿ ಎಂದು. ಅವನ್ನೆಲ್ಲ ದೊಡ್ಡ ಹಾಳೆಗಳಲ್ಲಿ ತುಂಬುವುದು ಅಪ್ಪನ ಕೆಲಸ. ಅದು ಅವರ ತಲೆಗೂ ಏರಿತ್ತು. ಇವತ್ತು ಮಳೆ ಬರುತ್ತದೆಯೇ ಎಂದು ಯಾರಾದರೂ ಕೇಳಿದರೆ ಹೌದು, ಇಲ್ಲ ಎನ್ನುತ್ತಿರಲಿಲ್ಲ. ಹತ್ತರಲ್ಲಿ ಆರು ಎನ್ನುತ್ತಿದ್ದರು, ಹತ್ತರಲ್ಲಿ ಮೂರು ಎನ್ನುತ್ತಿದ್ದರು. ವಾಡೆಯ ಒಡತಿ ಕಾಕೂಗೆ ಇದನ್ನು ಕೇಳಿ ಮೈಯೆಲ್ಲ ಉರಿಯುತ್ತಿತ್ತು. ಹತ್ತರಲ್ಲಿ ಆರು ಎಂದರೆ ನಾನು ಹಪ್ಪಳ ಒಣಹಾಕಲೋ ಬೇಡವೋ ಅಷ್ಟು ಹೇಳಿ ಎಂದು ಆಕೆ ಮರಾಠಿಯಲ್ಲಿ ಅಂಗಳದ ಆ ತುದಿಯಿಂದ ಕೂಗುವಳು. ಅಪ್ಪ ಟೊಪ್ಪಿಗೆ ಸರಿಮಾಡಿಕೊಂಡು, ಅದು ನಿಮಗೆ ಹಪ್ಪಳ ಎಷ್ಟು ಮುಖ್ಯ ಅನ್ನೋದರ ಮೇಲಿದೆ ಎಂದು ಕಚೇರಿಗೆ ನಡೆದುಬಿಡುವರು. ಇಂಥ ಅಪ್ಪ ಅಜ್ಜಿಯ ಹೂವಿನ ವಿಷಯದಲ್ಲಿ ಮಾತ್ರ ತುಟಿ ಬಿಚ್ಚುತ್ತಿರಲಿಲ್ಲ. ನನಗೆ ಅವರು ಕಲಿಸಿದ್ದು ಒಂದೇ ವಿದ್ಯೆ, ಎಣಿಸುವುದು. ನಾಲ್ಕು ನಿಂತ ಗೆರೆ ಎಳೆ, ಐದನೆಯದನ್ನು ಅಡ್ಡ ಹಾಕು, ಐದಾಯಿತು. ಮೊದಲು ಎಣಿಸು, ಆಮೇಲೆ ಮಾತಾಡು ಎನ್ನುತ್ತಿದ್ದರು. ಮುಂದೆ ಮೂವತ್ತು ವರ್ಷ ನಾನು ಹೆಣ್ಣುಮಕ್ಕಳಿಗೆ ಗಣಿತ ಕಲಿಸಿದೆ. ಮೊದಲಿನ ಅರ್ಧವನ್ನು ಚೆನ್ನಾಗಿ ಕಲಿಸಿದೆ ಎನ್ನಬಹುದು. ಎರಡನೆಯ ಅರ್ಧದಲ್ಲಿ ಮಾತ್ರ ನಾನೇ ನಪಾಸು. ನನ್ನ ಬಾಯಿಗೆ ಬಾಗಿಲೇ ಇಲ್ಲ, ಆಗಲೂ ಇರಲಿಲ್ಲ, ಈಗಲೂ ಇಲ್ಲ.

ಮನೆಯಲ್ಲಿ ನನಗೆ ಜೋಡಿ ಎಂದರೆ ಅಪ್ಪನ ಕಿರಿಯ ತಂಗಿ ಯಮುನತ್ತೆ. ನನಗೆ ಹತ್ತು, ಆಕೆಗೆ ಹದಿನೇಳು. ಆಕೆ ನಡೆಯುತ್ತಲೇ ಇರಲಿಲ್ಲ, ಓಡುತ್ತಿದ್ದಳು. ಮರಾಠಿಯಲ್ಲಿ ಕಾಕೂನ ದನಿ ತೆಗೆದು ನಮ್ಮನ್ನೆಲ್ಲ ನಗಿಸುವಳು, ರೊಟ್ಟಿ ಬಡಿಯುತ್ತ ಬಡಿತಕ್ಕೆ ಸರಿಯಾಗಿ ಮಗ್ಗಿ ಹೇಳುವಳು. ಏಳನೆಯ ಇಯತ್ತೆಯ ಪರೀಕ್ಷೆಯಲ್ಲಿ ಪಾಸಾಗಿದ್ದಳು, ಅದೂ ಮರಾಠಿ ಶಾಲೆಯಲ್ಲಿ ಮರಾಠಿ ಹುಡುಗಿಯರನ್ನು ಹಿಂದೆ ಹಾಕಿ. ಶಿಕ್ಷಕಿಯರನ್ನು ತಯಾರು ಮಾಡುವ ಶಾಲೆಗೆ ಅರ್ಜಿ ಹಾಕಿ ಕಾಯುತ್ತಿದ್ದಳು. ಆಕೆಗೂ ನನಗೂ ಒಂದು ಗುಟ್ಟಿನ ಆಟವಿತ್ತು. ಅಜ್ಜಿ ಹೂ ಹಚ್ಚಿ ಕೂತಳೋ, ನಾವಿಬ್ಬರೂ ಬಾಗಿಲ ಹಿಂದೆ ನಿಂತು ಬೆರಳಲ್ಲೇ ಪಣ ಕಟ್ಟುತ್ತಿದ್ದೆವು, ಯಾವ ಕಡೆಯ ಎಸಳು ಬೀಳುತ್ತದೆ ಎಂದು. ಸೋತವರು ಮರುದಿನ ಅಂಗಳದ ನಳದಿಂದ ಎರಡೂ ಕೊಡ ನೀರು ತರಬೇಕು. ನಾನು ಹಟಮಾರಿ, ಒಮ್ಮೆ ಬಲ ಎಂದರೆ ಯಾವಾಗಲೂ ಬಲವೇ. ಯಮುನತ್ತೆಗೆ ಒಂದೇ ಕಡೆ ಹೇಳಿದರೆ ಬೇಜಾರು. ಒಮ್ಮೆ ಎಡ, ಒಮ್ಮೆ ಬಲ, ಮನಸ್ಸಿಗೆ ಬಂದದ್ದು. ಪರಿಣಾಮ ಏನಾಯಿತೆಂದರೆ, ತಿಂಗಳುಗಟ್ಟಲೆ ನೀರು ಹೊತ್ತವಳು ಯಮುನತ್ತೆಯೇ. ವಾಡೆಯ ಹುಡುಗಿಯರು ನನ್ನ ನಶೀಬು ದೊಡ್ಡದು ಎನ್ನತೊಡಗಿದರು. ನಾನೂ ಜಂಬದಿಂದ ಓಡಾಡಿದೆ.

ಒಂದು ದಿನ ಕೊಡ ಇಳಿಸಿ ಸೊಂಟ ನೀವಿಕೊಳ್ಳುತ್ತ ಯಮುನತ್ತೆ ನನ್ನನ್ನು ದಿಟ್ಟಿಸಿ ನೋಡಿದಳು.

"ಸರಸೂ, ಇದು ನಶೀಬಲ್ಲ. ನಶೀಬು ಇಷ್ಟು ದಿನಾ ಒಬ್ಬರ ಮನ್ಯಾಗ ಕೂಡೂದಿಲ್ಲ. ಎಣಿಸೂಣ."

ಎಣಿಸಿದೆವು. ಕೊಟ್ಟಿಗೆಯ ಹಿಂದಿನ ಗೋಡೆಯ ಮೇಲೆ ಇದ್ದಿಲಿನಿಂದ ಎರಡು ಮನೆ ಬರೆದು, ಅಜ್ಜಿ ಕೇಳಿದಾಗಲೆಲ್ಲ ಓಡಿಹೋಗಿ ಗೆರೆ ಎಳೆದೆವು. ಯುಗಾದಿಯಿಂದ ಕಾರಹುಣ್ಣಿಮೆಯೊಳಗೆ ಅಜ್ಜಿ ನಲವತ್ತು ಸಲ ಕೇಳಿದಳು. ಬಲ ಬಿದ್ದದ್ದು ಮೂವತ್ತೊಂದು, ಎಡ ಒಂಬತ್ತು. ಆ ಗೋಡೆಯ ಮುಂದೆ ನಿಂತಾಗ ನನಗಾದ ಹಿಗ್ಗನ್ನು ಏನೆಂದು ಹೇಳಲಿ! ಯಾರೂ ನೋಡದ್ದನ್ನು ನಾನು ನೋಡಿದ್ದೆ. ದಿನಾ ಎಲ್ಲರ ಕಣ್ಣೆದುರಿಗೇ ನಡೆಯುತ್ತಿದ್ದುದು, ಆದರೂ ಒಬ್ಬರಿಗೂ ಗೊತ್ತಿಲ್ಲದ್ದು. ಕುಣಿಯುತ್ತ ಅಪ್ಪನ ಹತ್ತಿರ ಓಡಿದೆ. ಅವರು ಕಚೇರಿಯಿಂದ ಆಗಷ್ಟೇ ಬಂದು ಕೋಟು ಬಿಚ್ಚುತ್ತಿದ್ದರು. ಕೈಹಿಡಿದು ಎಳೆದುಕೊಂಡು ಹೋಗಿ ಗೋಡೆ ತೋರಿಸಿದೆ. ಅಪ್ಪ ಅರ್ಧ ಬಿಚ್ಚಿದ ಕೋಟಿನಲ್ಲೇ ಕುಕ್ಕರಗಾಲಲ್ಲಿ ಕೂತು, ಗೆರೆಗಳನ್ನು ಬೆರಳಿಂದ ಮುಟ್ಟಿ ಮುಟ್ಟಿ ಮತ್ತೊಮ್ಮೆ ಎಣಿಸಿದರು.

"ಎಣಿಸಿದ್ದು ಛಲೋ ಆತು. ಆದ್ರ ಯಾಕ ಹಿಂಗಾಗ್ತದ ಅನ್ನೂದು ಸಿಗೂತನಕಾ ಇದು ಬರೇ ಗೆರಿ. ಕಾರಣ ಹುಡುಕು."

ಕಾರಣ ಹುಡುಕಲು ನಾನು ಎರಡು ದಿನ ಊಟ ಬಿಟ್ಟಂತೆ ತಿರುಗಿದೆ. ಕಲ್ಲು ವಾಲಿದೆಯೇ ಎಂದು ನೋಡಿದೆ, ಇಲ್ಲ. ಬಲಭುಜ ನುಣುಪಾಗಿದೆಯೇ ಎಂದು ಅಜ್ಜಿ ಇಲ್ಲದಾಗ ಮಡಿ ಮೈಲಿಗೆ ನೋಡದೆ ಮುಟ್ಟಿಬಂದೆ, ಅದೂ ಇಲ್ಲ. ಮೂರನೆಯ ದಿನ ಅಜ್ಜಿ ದೀಪಕ್ಕೆ ತುಪ್ಪ ಹಾಕು ಎಂದಳು. ಗೂಡಿನೊಳಗೆ ಕೈ ಚಾಚಿದವಳಿಗೆ ಮುಂಗೈ ಬಿಸಿಯಾಯಿತು. ತುಪ್ಪದ ದೀಪ ದೇವರ ಬಲಕ್ಕೇ ಇರಬೇಕೆನ್ನುವುದು ನಮ್ಮ ಮನೆಯ ಪದ್ಧತಿ, ನಂದಾದೀಪ, ಹಗಲೂ ರಾತ್ರಿ ಉರಿಯುವುದು. ಎಡಕ್ಕೆ ತೀರ್ಥದ ತಂಬಿಗೆ. ಗೂಡು ಇಕ್ಕಟ್ಟು, ಬಲಭುಜಕ್ಕೂ ದೀಪದ ಕುಡಿಗೂ ನಡುವೆ ನಾಲ್ಕು ಬೆರಳು ಅಂತರ. ಬಲದ ಎಸಳಿಗೆ ಕಾವು ತಾಗುತ್ತಿತ್ತು, ಅದು ಬೇಗ ಒಣಗಿ ಬೀಳುತ್ತಿತ್ತು. ಎಡದ್ದು ತಂಪಿನಲ್ಲಿ ಅಂಟಿಕೊಂಡೇ ಇರುತ್ತಿತ್ತು. ಇಷ್ಟೇ! ತುಪ್ಪದ ಸೌಟು ಕೈಯಲ್ಲೇ ಹಿಡಿದು ನಾನು ಯಮುನತ್ತೆಯನ್ನು ಕೂಗುತ್ತ ಅಂಗಳಕ್ಕೆ ಓಡಿದೆ, ದಾರಿಯುದ್ದಕ್ಕೂ ತುಪ್ಪ ಚೆಲ್ಲಿದ್ದಕ್ಕೆ ಅಮ್ಮನಿಂದ ಎರಡು ಏಟೂ ಬಿತ್ತು.

ಮರುದಿನ ಅಜ್ಜಿ ಕೀರ್ತನೆಗೆ ಹೋದಾಗ ನಾವಿಬ್ಬರೂ ಒರಳಿನ ಗುಂಡನ್ನು ಹಿತ್ತಲ ಮೂಲೆಯಲ್ಲಿ ನಿಲ್ಲಿಸಿ ಹನುಮಪ್ಪ ಮಾಡಿದೆವು. ಗಾಳಿಗೆ ಅಡ್ಡ ಮೊರ ಇಟ್ಟೆವು, ಒಂದು ಕಡೆ ದೀಪ ಹಚ್ಚಿದೆವು, ಒದ್ದೆ ಎಸಳು ಹಚ್ಚಿ ಹಚ್ಚಿ ಕಾದೆವು. ಇಪ್ಪತ್ತರಲ್ಲಿ ಹದಿನೇಳು ಸಲ ದೀಪದ ಕಡೆಯದೇ ಬಿತ್ತು. ದೀಪ ಆ ಕಡೆಗಿಟ್ಟರೆ ಆ ಕಡೆಯದು. ಅಪ್ಪ ಯಾವಾಗ ಬಂದರೋ ತಿಳಿಯಲಿಲ್ಲ. ನೋಡಿದರೆ ಅವರೂ ಮಂಡಿಯೂರಿ ಕೂತು, ದೀಪ ಆರಿಸಿ ಒಂದು ಸಲ ನೋಡೋಣ ಎನ್ನುತ್ತಿದ್ದರು. ದೀಪ ಆರಿಸಿದರೆ ಎಸಳು ಬೀಳುವುದೇ ಇಲ್ಲ! ಕಾದು ಕಾದು ಕಾಲು ಜೋಮು ಹಿಡಿದ ಮೇಲೆ ಒಮ್ಮೆ ಈ ಕಡೆಯದು, ಒಮ್ಮೆ ಆ ಕಡೆಯದು, ಲೆಕ್ಕವಿಲ್ಲ, ಗೊತ್ತಿಲ್ಲ. ಅರ್ಧಕ್ಕರ್ಧ, ಎಂದು ಅಪ್ಪ ಕೈ ತಟ್ಟಿ ನಕ್ಕರು. ಅವರನ್ನು ಅಷ್ಟು ಖುಷಿಯಾಗಿ ನಾನು ಅದುವರೆಗೆ ಕಂಡಿರಲಿಲ್ಲ. ನಮ್ಮ ಮನೆಯ ಧೈರ್ಯವೆಲ್ಲ, ಪುಣೆಗೆ ಬಂದದ್ದು, ಹಾರ್ಮೋನಿಯಂ, ನನ್ನ ಶಾಲೆ, ಎಲ್ಲ ಒಂದು ದೀಪದ ಕಾವು ಎಂದು ನಾನು ಕೂಗಿದೆ. ಅಪ್ಪನ ನಗು ಅಲ್ಲಿಗೆ ನಿಂತಿತು. ಅವರು ಎದ್ದು ಮಂಡಿಯ ಮಣ್ಣು ಕೊಡವಿಕೊಂಡರು. ಇದನ್ನು ಅಜ್ಜಿಗೆ ಹೇಳಬಾರದು, ಎಣಿಸುವುದು ಬೇರೆ, ಹೇಳುವುದು ಬೇರೆ ಎಂದರು. ನನಗೆ ಎಂಥ ಸಿಟ್ಟು ಬಂತೆಂದರೆ ಆ ದಿನ ಅವರ ಪಕ್ಕದಲ್ಲಿ ಊಟಕ್ಕೆ ಕೂರಲಿಲ್ಲ. ಹೇಳದೇ ಇರಲು ಎಣಿಸುವುದಾದರೂ ಏಕೆ?

ಅದಾಗಿ ವಾರದೊಳಗೆ ಎರಡು ಸುದ್ದಿ ಒಟ್ಟಿಗೆ ಬಂದವು. ಒಂದು, ಯಮುನತ್ತೆಗೆ ಆ ಶಾಲೆಯಲ್ಲಿ ಜಾಗ ಸಿಕ್ಕ ಕಾಗದ. ಆಕೆ ಕಾಗದವನ್ನು ತಲೆಯ ಮೇಲಿಟ್ಟುಕೊಂಡು ಅಂಗಳ ಸುತ್ತು ಹಾಕಿದಳು, ಕಾಕೂ ಕೈಗೆ ಸಕ್ಕರೆ ಹಾಕಿದಳು. ಎರಡನೆಯದು ಸೋಲಾಪುರದಿಂದ ಗುಂಡೂರಾಯರು ಬರುತ್ತಿದ್ದಾರೆಂಬುದು. ಗುಂಡೂರಾಯರು ಅಜ್ಜಿಯ ತವರಿನ ಕಡೆಯವರು, ಊರೂರು ತಿರುಗಿ ಸಂಬಂಧ ಕೂಡಿಸುವುದೇ ಅವರ ಸಂತೋಷ. ಅವರ ಕೈಯಲ್ಲಿದ್ದದ್ದು ಸೋಲಾಪುರದ ಒಬ್ಬ ವಕೀಲರ ಸಂಬಂಧ. ಹೆಂಡತಿ ತೀರಿಕೊಂಡು ವರ್ಷವಾಗಿದೆ, ಇಬ್ಬರು ಮಕ್ಕಳು, ಸ್ವಂತ ಮನೆ, ವರದಕ್ಷಿಣೆಯ ಮಾತಿಲ್ಲ. ಜ್ಯೇಷ್ಠ ಮುಗಿಯುವುದರೊಳಗೆ ಮಾತು ಬೇಕು. ಅಜ್ಜಿ ಹನುಮಪ್ಪನನ್ನು ಕೇಳಿ ಹೇಳುತ್ತೇನೆ ಎಂದಳು. ಅಪ್ಪ ತಲೆ ತಗ್ಗಿಸಿ ಆಗಲಿ ಅವ್ವಾ ಎಂದರು. ಅಜ್ಜ ತೀರಿಕೊಂಡಾಗ, ಮನೆಯ ಹೆಣ್ಣುಮಕ್ಕಳ ವಿಷಯದಲ್ಲಿ ನಿನ್ನ ಮಾತು ಮೀರುವುದಿಲ್ಲ ಎಂದು ಅಪ್ಪ ತಾಯಿಗೆ ಮಾತು ಕೊಟ್ಟಿದ್ದರಂತೆ. ಅಜ್ಜಿಯ ಮಾತೆಂದರೆ ಹೂವಿನ ಮಾತು, ಹೂವಿನ ಮಾತೆಂದರೆ ದೀಪದ ಮಾತು. ಹತ್ತರಲ್ಲಿ ಎಂಟು ಪಾಲು ಯಮುನತ್ತೆ ಸೋಲಾಪುರಕ್ಕೆ ಹೋದಂತೆಯೇ.

ನಾನು ಆಕೆಯನ್ನು ಹಿತ್ತಲಿಗೆ ಎಳೆದುಕೊಂಡು ಹೋಗಿ ದೀಪವನ್ನು ಎಡಕ್ಕೆ ಸರಿಸಿಬಿಡುತ್ತೇನೆ ಎಂದೆ. ಅದು ನನಗೆ ಎಷ್ಟು ಸುಲಭವಾಗಿ ಕಂಡಿತ್ತೆಂದರೆ ಆಕೆ ಕುಣಿದಾಡುತ್ತಾಳೆ ಎಂದುಕೊಂಡಿದ್ದೆ. ಯಮುನತ್ತೆ ತೊಳೆಯುತ್ತಿದ್ದ ಪಾತ್ರೆಯನ್ನು ಕೆಳಗಿಡದೆ ಹೇಳಿದಳು.

"ಇವತ್ತ ನೀ ದೀಪಾ ಸರಸ್ತಿ. ಮುಂದಿನ ತಿಂಗಳು ಇನ್ನೊಬ್ಬಾಂವ ಬರ್ತಾನ, ಅದರ ಮುಂದಿನ ತಿಂಗಳು ಮತ್ತೊಬ್ಬಾಂವ. ಎಷ್ಟು ಸಲಾ ಸರಸ್ತಿ ಸರಸೂ? ಒಂದ ಸಲಾ ಬಲಾ ಬಿದ್ರ ಮುಗೀತು."

ಆಕೆ ಅಳುತ್ತಿರಲಿಲ್ಲ, ಅದರಿಂದಲೇ ನನಗೆ ಹೆಚ್ಚು ಹೆದರಿಕೆಯಾದದ್ದು. ಆ ದಿನ ರೊಟ್ಟಿ ಬಡಿಯುವಾಗ ಮಗ್ಗಿ ಹೇಳಲಿಲ್ಲ.

ಗುಂಡೂರಾಯರು ಬಂದದ್ದು ಮೊದಲ ಮಳೆ ಹಿಡಿದ ವಾರದಲ್ಲಿ. ವಾಡೆಯ ಮಣ್ಣೆಲ್ಲ ಕೆಸರು, ಒಣಹಾಕಿದ ಸೀರೆ ಎರಡು ದಿನವಾದರೂ ಹಸಿ. ಬೆಳಗಿನ ಗಾಡಿಗೆ ಇಳಿದು, ಕಾಫಿ ಕುಡಿದು, ಮಧ್ಯಾಹ್ನದ ಗಾಡಿಗೇ ಹೊರಡಬೇಕೆಂದರು. ದಾರಿಯಲ್ಲಿ ದೌಂಡದಲ್ಲಿ ಇಳಿದು ಇನ್ನೊಂದು ಕನ್ಯೆಯನ್ನು ನೋಡಬೇಕಂತೆ, ನಮ್ಮದು ಆಗಲಿಲ್ಲವೆಂದರೆ ಅದು. ಆದ್ದರಿಂದ ಹೌದೋ ಅಲ್ಲವೋ ಕೈಯಲ್ಲೇ ಬೇಕು. ಅವರು ನಡುವಿನ ಖೋಲಿಗೆ ತಂದು ಹಾಸಿದ ಜಮಖಾನೆಯ ಮೇಲೆ ಕೂತರು, ಬಾಗಿಲಿನಿಂದ ಗೂಡು ಕಾಣುತ್ತಿತ್ತು. ಅಪ್ಪ ಆ ದಿನ ಕಚೇರಿಗೆ ರಜೆ ಹಾಕಿ ಹೊಸ್ತಿಲ ಹತ್ತಿರ ನಿಂತಿದ್ದರು. ಅಮ್ಮ ಒಲೆಯ ಮುಂದೆ. ಯಮುನತ್ತೆ ಒರಳಿನ ಪಕ್ಕ ಗೋಡೆಗೊರಗಿ ಕೂತಿದ್ದಳು, ಕೈಯೆರಡನ್ನೂ ತೊಡೆಯ ಕೆಳಗಿಟ್ಟುಕೊಂಡು. ಅಜ್ಜಿ ಎಸಳು ಅದ್ದಿದಳು, ಹಚ್ಚಿದಳು, ಕೇಳಿದಳು.

"ಯಮುನಿನ್ನ ಈ ಮನಿಗೆ ಕೊಡಲೇನಪ್ಪಾ?"

ನನ್ನ ಕಣ್ಣು ಬಲದ ಎಸಳಿನ ಮೇಲೆ. ಅದರ ಅಂಚು ದೀಪದ ಕಡೆಗೆ ಮೆಲ್ಲಗೆ ಸುರುಳಿಕೊಳ್ಳತೊಡಗಿತು. ನಲವತ್ತು ಸಲ ನೋಡಿದ್ದೆ, ನನಗೆ ಗೊತ್ತಿತ್ತು, ಇನ್ನು ಹೆಚ್ಚೆಂದರೆ ನೂರು ಎಣಿಸುವಷ್ಟು ಹೊತ್ತು. ನಾನು ಅಪ್ಪನ ಕಡೆ ನೋಡಿದೆ. ಅವರು ನೆಲ ನೋಡುತ್ತಿದ್ದರು. ಆ ನೆಲ ನೋಡುವುದನ್ನು ಕಂಡೇ ನನಗೆ ಸಿಟ್ಟು ನೆತ್ತಿಗೇರಿತು.

"ಅದು ಬಲದ್ದೇ ಬೀಳ್ತದ ಅಜ್ಜಿ. ಅದಕ್ಕ ದೀಪದ ಕಾವು ಹತ್ತೇದ. ಯಾವಾಗಲೂ ಹಂಗ ಆಗ್ತದ. ಸುಳ್ಳನಿಸಿದ್ರ ಅಪ್ಪನ್ನ ಕೇಳು, ಅಪ್ಪಗೂ ಗೊತ್ತದ."

ಅಮ್ಮನ ಕೈಯಿಂದ ಸೌಟು ಬಿತ್ತು. ಗುಂಡೂರಾಯರು ಇದೇನು ಹುಡುಗಿ ಎನ್ನುತ್ತ ಅರ್ಧ ಎದ್ದರು. ನನಗೆ ಏಟು ಬೀಳುವುದು ಖಂಡಿತ ಎಂದು ಕೆನ್ನೆ ಬಿಗಿ ಹಿಡಿದು ನಿಂತೆ. ಅಜ್ಜಿ ನನ್ನ ಕಡೆ ತಿರುಗಲೇ ಇಲ್ಲ, ಮಗನ ಕಡೆ ತಿರುಗಿದಳು. ಅಪ್ಪ ತಲೆಯೆತ್ತಿದರು. ಸರಕಾರಿ ಸಾಹೇಬರ ಮುಂದೆ ನಿಂತರೂ ಅವರ ದನಿ ಹಾಗೆ ನಡುಗಿರಲಾರದು.

"ಹೌದವ್ವಾ. ನಾವು ಎಣಿಸೇವಿ. ನಾನ ಹೇಳಬೇಕಾಗಿತ್ತು, ಹೇಳಲಿಲ್ಲ. ನಂದ ತಪ್ಪು."

ಅಜ್ಜಿ ಗೂಡಿನೊಳಗೆ ಕೈ ಚಾಚಿ, ಅಂಗೈಯನ್ನು ಬಲದ ಎಸಳಿನ ಹತ್ತಿರ ಹಿಡಿದಳು, ಸ್ವಲ್ಪ ಹೊತ್ತು ಹಿಡಿದೇ ಇದ್ದಳು. ಆಮೇಲೆ ಎಡಗಡೆ ಹಿಡಿದಳು. ಮತ್ತೆ ಬಲಗಡೆ. ಆಮೇಲೆ ದೀಪವನ್ನು ಎರಡೂ ಕೈಯಲ್ಲಿ ಎತ್ತಿ, ಆರದ ಹಾಗೆ ಸೆರಗು ಮರೆ ಮಾಡಿ, ಹೊರಗೆ ತಂದು ಒಲೆಯ ಕಟ್ಟೆಯ ಮೇಲಿಟ್ಟಳು. ತೀರ್ಥದ ತಂಬಿಗೆಯನ್ನೂ ತೆಗೆದಳು. ಹಳೆಯ ಎಸಳು ಎರಡನ್ನೂ ಬಿಡಿಸಿ, ಹೊಸದು ಅದ್ದಿ, ಹಚ್ಚಿ, ಅದೇ ಪ್ರಶ್ನೆಯನ್ನು ಅದೇ ದನಿಯಲ್ಲಿ ಮತ್ತೆ ಕೇಳಿದಳು. ಕತ್ತಲಾದ ಗೂಡಿನಲ್ಲಿ ಹನುಮಪ್ಪ ಕಾಣುವುದೇ ಕಷ್ಟ, ಎರಡು ಎಸಳು ಮಾತ್ರ ಬಿಳಿಯ ಚುಕ್ಕಿಗಳು.

ಅಲ್ಲಿಂದ ಶುರುವಾಯಿತು ನೋಡಿ ಕಾಯುವುದು. ಎಷ್ಟೋ ಆಟ ನೋಡಿದ್ದೇನೆ, ಎಷ್ಟೋ ಪರೀಕ್ಷೆಯ ಫಲಿತಾಂಶಕ್ಕೆ ಕಾದಿದ್ದೇನೆ, ಹಾಗೆ ಮೈಯೆಲ್ಲ ಕಣ್ಣಾಗಿ ಇನ್ನು ಯಾವುದಕ್ಕೂ ಕಾದಿಲ್ಲ. ಈಗ ಹತ್ತರಲ್ಲಿ ಐದು! ನನಗೂ ಗೊತ್ತಿಲ್ಲ, ಅಪ್ಪನಿಗೂ ಗೊತ್ತಿಲ್ಲ, ಯಾರಿಗೂ ಗೊತ್ತಿಲ್ಲ. ಎಸಳು ಅಲ್ಲಾಡಲಿಲ್ಲ. ಹೊರಗೆ ಮಳೆ ಸುರಿಯುತ್ತಲೇ ಇತ್ತು, ಗೋಡೆಯೇ ಬೆವರುವಂಥ ತಂಪು, ಒದ್ದೆ ಎಸಳು ಎಲ್ಲಿ ಒಣಗಬೇಕು? ಅನ್ನ ಬಸಿದಾಯಿತು, ಹುಳಿ ಕುದಿದು ಆರಿತು, ಎಲೆ ಹಾಕಲು ಯಾರಿಗೂ ಧೈರ್ಯವಿಲ್ಲ. ಕಾಕೂ ಅಂಗಳದಿಂದ ಇಣುಕಿ, ಎಲ್ಲರೂ ಗೋಡೆ ನೋಡುತ್ತ ಕೂತದ್ದನ್ನು ಕಂಡು, ಏನೂ ಕೇಳದೆ ಹೋದಳು. ಒಮ್ಮೆ ಎಡದ ಎಸಳಿನ ತುದಿ ಬಿಟ್ಟುಕೊಂಡಂತೆ ಕಂಡು ನಾನು ಪಕ್ಕದಲ್ಲಿದ್ದ ಯಮುನತ್ತೆಯ ತೋಳು ಹಿಸುಕಿದೆ. ಅದು ಮತ್ತೆ ಅಂಟಿಕೊಂಡಿತು. ಗುಂಡೂರಾಯರು ಮೂರು ಸಲ ಗಂಟಲು ಸರಿಮಾಡಿದರು, ನಾಲ್ಕನೆಯ ಸಲ ಗಡಿಯಾರ ತೆಗೆದು ನೋಡಿದರು. ಟಾಂಗಾ ಆಗಲೇ ವಾಡೆಯ ಬಾಗಿಲಿಗೆ ಬಂದು ನಿಂತಿತ್ತು.

ಅಜ್ಜಿ ಬೆನ್ನು ನೆಟ್ಟಗೆ ಮಾಡಿಕೊಂಡು ಕೂತೇ ಇದ್ದಳು. ಇಷ್ಟು ಹೊತ್ತು ಉತ್ತರವಿಲ್ಲದೆ ಆಕೆ ಎಂದೂ ಕೂತವಳಲ್ಲ. ಮೊದಲೆಲ್ಲ ಎಸಳು ಬೇಗ ಬೀಳುತ್ತಿತ್ತು, ಎದ್ದು ಕೆಲಸಕ್ಕೆ ಹೋಗುತ್ತಿದ್ದಳು, ಯೋಚನೆಗೆ ಹೊತ್ತೇ ಇರುತ್ತಿರಲಿಲ್ಲ. ಈಗ ಕೂತಲ್ಲೇ ಆಕೆಯ ಬೆರಳುಗಳು ಒಂದೊಂದಾಗಿ ಮಡಚಿಕೊಳ್ಳುವುದನ್ನು ನಾನು ಕಂಡೆ. ಆಕೆಯೂ ಎಣಿಸುತ್ತಿದ್ದಳು. ಬಹಳ ಹೊತ್ತಿನ ಮೇಲೆ, ಯಾರನ್ನೂ ನೋಡದೆ, ಆಕೆ ಬಾಯಿಬಿಟ್ಟಳು.

"ದೊಡ್ಡಾಕಿನ್ನ ಕೊಡುವಾಗೂ ದೀಪ ಬಲಕ್ಕ ಇತ್ತು."

ಅಮ್ಮ ಸೆರಗನ್ನು ಬಾಯಿಗಿಟ್ಟುಕೊಂಡಳು. ಅಪ್ಪ ಹೊಸ್ತಿಲ ಮೇಲೆಯೇ ಕೂತರು. ನನಗೆ ಆಗ, ಜೀವನದಲ್ಲಿ ಮೊದಲ ಸಲ, ಬಾಯಿ ಮುಚ್ಚಿಕೊಂಡಿದ್ದರೆ ಚೆನ್ನಾಗಿತ್ತೇನೋ ಅನ್ನಿಸಿತು. ಎಣಿಕೆ ಎಂದರೆ ನನಗೆ ಬರೀ ಗೆಲ್ಲುವ ಆಟವಾಗಿತ್ತು. ಆ ಇದ್ದಿಲ ಗೆರೆಗಳ ಹಿಂದೆ ನಾನು ನೋಡದ ಒಬ್ಬ ಅತ್ತೆ ಇದ್ದಾಳೆಂದು ನಾನು ಯೋಚಿಸಿಯೇ ಇರಲಿಲ್ಲ. ಅಜ್ಜಿಯನ್ನು ಹೋಗಿ ತಬ್ಬಿಕೊಳ್ಳಬೇಕೆನಿಸಿತು, ಮಡಿಯಲ್ಲಿದ್ದವಳನ್ನು ಮುಟ್ಟುವಂತಿಲ್ಲ. ಆಕೆ ಕಣ್ಣೊರಸಿಕೊಳ್ಳಲಿಲ್ಲ. ಮಣೆಯ ಮೇಲೆ ಕೂತಲ್ಲಿಂದಲೇ ಮೈ ತಿರುಗಿಸಿ ಮಗಳನ್ನು ಹತ್ತಿರ ಕರೆದಳು. ಯಮುನತ್ತೆ ಎದ್ದು ಹೋಗಿ ಎದುರಿಗೆ ನಿಂತಳು.

"ಹನುಮಪ್ಪ ಏನೂ ಹೇಳವಲ್ಲ. ನೀನರ ಹೇಳು. ನಿನಗೇನು ಬೇಕ?"

ಎಲ್ಲರ ದನಿ ತೆಗೆಯುವ ಯಮುನತ್ತೆಗೆ ಆಗ ತನ್ನ ದನಿಯೇ ಸಿಗಲಿಲ್ಲ. ಇಷ್ಟು ವರ್ಷದಲ್ಲಿ, ಇಷ್ಟು ಸಲ ಕೇಳಿದ್ದರಲ್ಲಿ, ಆಕೆಯನ್ನು ಯಾರೂ ಕೇಳಿರಲಿಲ್ಲ ಎಂಬುದು ನನಗೆ ಆ ಕ್ಷಣ ಹೊಳೆಯಿತು, ನಾನೂ ಕೇಳಿರಲಿಲ್ಲ. ನಾನು ಮನಸ್ಸಿನಲ್ಲೇ ಹೇಳು ಹೇಳು ಎಂದು ಕಾಲು ಬಡಿಯುತ್ತಿದ್ದೆ.

"ನನಗ ಸಾಲಿಗೆ ಹೋಗಬೇಕಾಗೇದವ್ವಾ," ಎಂದಳು ಕೊನೆಗೆ. "ನನಗ ಸೋಲಾಪುರ ಬ್ಯಾಡ."

ಅಜ್ಜಿ ಒಮ್ಮೆ ತಲೆಯಾಡಿಸಿದಳು, ಸಂತೆಯಲ್ಲಿ ಕಾಯಿಪಲ್ಯೆಯ ಚೌಕಾಸಿ ಮುಗಿಸಿದಂತೆ. ಮೊಣಕಾಲಿಗೆ ಕೈ ಊರಿ ಎದ್ದು ಬಾಗಿಲಿಗೆ ಬಂದು, ಗಾಡಿ ತಪ್ಪುತ್ತದೆ, ಹೊರಡಿರಿ, ನಮ್ಮ ಹುಡುಗಿ ಓದುತ್ತಾಳಂತೆ ಎಂದು ಗುಂಡೂರಾಯರಿಗೆ ಹೇಳಿದಳು. ಅವರು ಟೊಪ್ಪಿಗೆ ಕೈಯಲ್ಲಿ ಹಿಡಿದು ಪಿಳಿಪಿಳಿ ಕಣ್ಣು ಬಿಟ್ಟರು. ಹೂ ಇನ್ನೂ ಬಿದ್ದಿಲ್ಲವಲ್ಲ, ದೇವರು ಏನಂದ ಎಂದು ಹೇಳಲಿ ಆ ಮನೆಯವರಿಗೆ ಎಂದರು.

"ದೇವರನ್ನ ಕೇಳೂದ ಬಿಟ್ಟು ಹುಡುಗಿನ್ನ ಕೇಳಿದ್ರು ಅಂತ ಹೇಳ್ರಿ."

ಗುಂಡೂರಾಯರು ಹೊರಟರು. ಅಪ್ಪ ಕೊಡೆ ಹಿಡಿದು ಅವರನ್ನು ಟಾಂಗಾದವರೆಗೆ ಬಿಟ್ಟು, ಹಾರುವ ಹೆಜ್ಜೆಯಲ್ಲಿ ಒಳಗೆ ಬಂದರು. ಯಮುನತ್ತೆ ನನ್ನನ್ನು ಎತ್ತಿ, ಹತ್ತು ವರ್ಷದ ಕುದುರೆಯಂಥವಳನ್ನು, ಒಂದು ಸುತ್ತು ತಿರುಗಿಸಿದಳು. ಇಬ್ಬರೂ ನಗುತ್ತಿದ್ದೆವೋ ಅಳುತ್ತಿದ್ದೆವೋ ಗೊತ್ತಿಲ್ಲ. ಅಮ್ಮ ಎಲೆ ಹಾಕಲು ಶುರುಮಾಡಿದಳು. ಅಜ್ಜಿ ಒಲೆಯ ಕಟ್ಟೆಯಿಂದ ದೀಪ ಎತ್ತಿಕೊಂಡು ಗೂಡಿನ ಮುಂದೆ ಬಂದು ಕೂತಳು, ಎಲ್ಲಿಡಲಿ ಎಂದು ನೋಡುತ್ತ.

ಆಗ ಎಸಳು ಬಿತ್ತು. ಎಲ್ಲರೂ ನೋಡಿದೆವು. ಬಲದ್ದು.

ದೀಪವಿಲ್ಲ, ಕಾವಿಲ್ಲ, ತಂಬಿಗೆಯಿಲ್ಲ, ಯಾರೂ ಮುಟ್ಟಿಲ್ಲ. ಕೊಡು ಎಂದಿದ್ದ ಹನುಮಪ್ಪ. ಯಮುನತ್ತೆ ನನ್ನ ಭುಜವನ್ನು ಹಿಡಿದ ಹಿಡಿತ ಇನ್ನೂ ನೋಯುತ್ತದೆ. ಹೊರಗೆ ಟಾಂಗಾ ಇನ್ನೂ ಓಣಿಯ ತಿರುವು ದಾಟಿರಲಿಲ್ಲ, ಗಂಟೆಯ ಸದ್ದು ಕೇಳುತ್ತಲೇ ಇತ್ತು, ಕೂಗಿದರೆ ನಿಲ್ಲುತ್ತಿತ್ತು. ಅಪ್ಪ ಅಜ್ಜಿಯನ್ನೇ ನೋಡುತ್ತಿದ್ದರು. ಅಜ್ಜಿ ದೀಪವನ್ನು ಕೆಳಗಿಟ್ಟು, ಎಸಳನ್ನು ಎತ್ತಿ ಎರಡೂ ಕಣ್ಣಿಗೊತ್ತಿಕೊಂಡಳು.

"ತಡಾ ಮಾಡಿದಿ ಹನುಮಪ್ಪಾ," ಎಂದಳು. "ನಾ ಆಗಲೇ ಹೇಳಿ ಕಳಿಸಿಬಿಟ್ಟೆ."